ಬಾಯಲ್ಲಿ ನೀರೂರುವುದರ ಹಿಂದಿನ ಚರಿತ್ರೆ

ಹುಣಸೆಹಣ್ಣಿಗೆ ಉಪ್ಪು, ಜೀರಿಗೆ, ಮೆಣಸಿನಪುಡಿ ಸೇರಿಸಿ ಕುಟ್ಟಿ, ಕಡ್ಡಿಗೆ ಅಂಟಿಸಿದ ಚಿಗಳಿಯ ಹೆಸರೆತ್ತಿದರೆ ಸಾಕು, ಬಾಲ್ಯದಲ್ಲಿ ಅದನ್ನು ಚೀಪಿದವರ ಬಾಯಲ್ಲಿ ನೀರೂರುತ್ತದೆ. ಚಿಗಳಿಯನ್ನು ಕಂಡೇ ಇರದವರಿಗೆ ಅದು ಬರಿಯ ಮೂರು ಅಕ್ಷರ. ಅವರ ನಾಲಿಗೆ ಒಣಗಿದ್ದದ್ದು ಒಣಗಿದ ಹಾಗೆಯೇ ಇರುತ್ತದೆ. ಹುಳಿ ನಾಲಿಗೆಗೆ ತಾಗಿದಾಗ ಜೊಲ್ಲು ಸುರಿಯುವುದು ಹುಟ್ಟಿನಿಂದ ಬಂದ ಗುಣ. ಆದರೆ ಹೆಸರು ಕೇಳಿದಾಗ ನೀರೂರುವುದು ಹುಟ್ಟಿನಿಂದ ಬಂದದ್ದಲ್ಲ, ಬದುಕಿನಲ್ಲಿ ಕಲಿತದ್ದು. ಕಲಿಯಬೇಕೆಂದು ಯಾರೂ ಹಟ ತೊಟ್ಟು ಕಲಿತದ್ದೂ ಅಲ್ಲ.

ಹೀಗೆ ನಮಗೆ ಅರಿವಿಲ್ಲದೆಯೇ ದೇಹ ಕಲಿಯುವ ಪಾಠಕ್ಕೆ ಮನಶ್ಶಾಸ್ತ್ರದಲ್ಲಿ ‘ಶಾಸ್ತ್ರೀಯ ಅನುಬಂಧನ’ ಎಂದು ಹೆಸರು. ಬಿ.ಎಡ್. ಓದಿದವರಿಗೆಲ್ಲ ಇದು ಪರೀಕ್ಷೆಯಲ್ಲಿ ಬರುವ ಪ್ರಶ್ನೆ. ಗಂಟೆ ಬಾರಿಸಿದರೆ ನಾಯಿ ಜೊಲ್ಲು ಸುರಿಸುವುದು, ಪಾವ್ಲೋವ್ ಎಂಬ ರಷ್ಯದ ವಿಜ್ಞಾನಿ, ಹತ್ತು ಅಂಕ. ಅಲ್ಲಿಗೆ ಕಥೆ ಮುಗಿಯುತ್ತದೆ. ನಿಜವಾದ ಕಥೆ ಇದಕ್ಕಿಂತ ದೊಡ್ಡದು. ಹಸುಗೂಸಿಗೆ ಭಯವನ್ನು ಕಲಿಸಿದ ಪ್ರಯೋಗ, ಕ್ಯಾನ್ಸರ್ ಪೀಡಿತ ಮಕ್ಕಳು ಊಟವನ್ನೇ ದ್ವೇಷಿಸಿದ ಬಗೆ, ಮಾದಕ ವ್ಯಸನಿಗಳು ದಿನನಿತ್ಯದ ಪ್ರಮಾಣದಿಂದಲೇ ಸಾಯುವ ಒಗಟು, ಎಲ್ಲವೂ ಇದರಲ್ಲಿ ಸೇರಿವೆ. ಈ ಕಥೆ ಶುರುವಾದದ್ದು ಮನಸ್ಸಿನಿಂದಲ್ಲ, ಹೊಟ್ಟೆಯಿಂದ ಎಂಬುದು ಇನ್ನೊಂದು ಸ್ವಾರಸ್ಯ.

ಪಾದ್ರಿಯ ಮಗ ಪ್ರಯೋಗಶಾಲೆಗೆ

ಇವಾನ್ ಪೆಟ್ರೋವಿಚ್ ಪಾವ್ಲೋವ್ ಹುಟ್ಟಿದ್ದು 1849ರ ಸೆಪ್ಟೆಂಬರ್‌ನಲ್ಲಿ, ರಷ್ಯದ ರ‍್ಯಾಜಾನ್ ಎಂಬ ಊರಿನಲ್ಲಿ. ತಂದೆ ಚರ್ಚಿನ ಪಾದ್ರಿ. ಚಿಕ್ಕಂದಿನಲ್ಲಿ ಎತ್ತರದಿಂದ ಬಿದ್ದು ಪೆಟ್ಟು ಮಾಡಿಕೊಂಡ ಹುಡುಗ ಶಾಲೆಗೆ ಸೇರುವಾಗ ಹನ್ನೊಂದು ವರ್ಷವಾಗಿತ್ತು. ಮಗನೂ ಪಾದ್ರಿಯಾಗಲೆಂದು ಮನೆಯವರು ಧಾರ್ಮಿಕ ಶಾಲೆಗೇ ಕಳುಹಿಸಿದರು. ಅಲ್ಲಿ ಅವರ ಕೈಗೆ ಸಿಕ್ಕಿದ್ದು ಶರೀರಶಾಸ್ತ್ರಜ್ಞ ಇವಾನ್ ಸೆಚೆನೋವ್ 1863ರಲ್ಲಿ ಬರೆದ, ಮಿದುಳಿನ ಪರಾವರ್ತಿತ ಪ್ರತಿಕ್ರಿಯೆಗಳನ್ನು ಕುರಿತ ಕೃತಿ. ಮನುಷ್ಯನ ಆಲೋಚನೆಗೂ ದೇಹದ ನರಗಳ ಕೆಲಸಕ್ಕೂ ನೇರ ಸಂಬಂಧವಿದೆ ಎಂಬುದು ಅದರ ವಾದ. ಪಾವ್ಲೋವ್ ಪೌರೋಹಿತ್ಯದ ದಾರಿ ಬಿಟ್ಟು 1870ರಲ್ಲಿ ಸೇಂಟ್ ಪೀಟರ್ಸ್‌ಬರ್ಗ್ ವಿಶ್ವವಿದ್ಯಾಲಯ ಸೇರಿದರು.

ಮುಂದಿನ ಇಪ್ಪತ್ತು ವರ್ಷ ಬಡತನದ ವರ್ಷಗಳು. ಹೃದಯದ ನರಗಳ ಮೇಲೆ ಬರೆದ ಪ್ರಬಂಧಕ್ಕೆ 1883ರಲ್ಲಿ ಡಾಕ್ಟರೇಟ್ ಬಂತು. ಜರ್ಮನಿಯಲ್ಲಿ ಎರಡು ವರ್ಷ ಕಲಿತು ಬಂದರು. ಕೊನೆಗೆ 1890ರಲ್ಲಿ ಮಿಲಿಟರಿ ವೈದ್ಯಕೀಯ ಅಕಾಡೆಮಿಯಲ್ಲಿ ಪ್ರಾಧ್ಯಾಪಕ ಹುದ್ದೆ, ಮರುವರ್ಷ ಹೊಸದಾಗಿ ಆರಂಭವಾಗಿದ್ದ ಪ್ರಾಯೋಗಿಕ ವೈದ್ಯಕೀಯ ಸಂಸ್ಥೆಯಲ್ಲಿ ಶರೀರಶಾಸ್ತ್ರ ವಿಭಾಗದ ಹೊಣೆ ಎರಡೂ ಕೈಗೆ ಬಂದವು. ನಲವತ್ತು ದಾಟಿದ ಮೇಲೆ ಅವರಿಗೆ ಸ್ವಂತದ್ದೆನ್ನಬಹುದಾದ ಪ್ರಯೋಗಶಾಲೆ ಸಿಕ್ಕಿತು.

ಅವರ ಆಸಕ್ತಿ ಜೀರ್ಣಕ್ರಿಯೆ. ಅದುವರೆಗಿನ ವಿಜ್ಞಾನಿಗಳು ಪ್ರಾಣಿಯ ಹೊಟ್ಟೆ ಕೊಯ್ದು ಕೆಲವು ಗಂಟೆಗಳಲ್ಲಿ ಏನು ಕಾಣುತ್ತದೋ ಅಷ್ಟನ್ನು ಬರೆದುಕೊಳ್ಳುತ್ತಿದ್ದರು. ಸಾಯುತ್ತಿರುವ ಪ್ರಾಣಿಯ ಹೊಟ್ಟೆ ಆರೋಗ್ಯವಂತ ಪ್ರಾಣಿಯ ಹೊಟ್ಟೆಯಂತೆ ಕೆಲಸ ಮಾಡುವುದಿಲ್ಲ ಎಂಬುದು ಪಾವ್ಲೋವ್ ಅವರ ತಕರಾರು. ಅವರು ಶಸ್ತ್ರಚಿಕಿತ್ಸೆಯಲ್ಲಿ ನಿಪುಣರು. ನಾಯಿಯ ಜಠರಕ್ಕೆ ಸಣ್ಣ ರಂಧ್ರ ಕೊರೆದು, ನಳಿಕೆ ಜೋಡಿಸಿ, ಗಾಯ ಮಾಯುವ ತನಕ ಆರೈಕೆ ಮಾಡಿ, ಆಮೇಲೆ ತಿಂಗಳುಗಟ್ಟಲೆ, ವರ್ಷಗಟ್ಟಲೆ ಅದೇ ನಾಯಿಯನ್ನು ಗಮನಿಸುವ ಪದ್ಧತಿ ಬೆಳೆಸಿದರು.

ಎಕಟೆರಿನಾ ಷೂಮೋವಾ-ಸಿಮೊನೋವ್‌ಸ್ಕಾಯಾ ಎಂಬ ಮಹಿಳಾ ವೈದ್ಯರೊಂದಿಗೆ ಸೇರಿ ನಡೆಸಿದ ಒಂದು ಪ್ರಯೋಗ ಹೆಸರುವಾಸಿಯಾಯಿತು. ನಾಯಿಯ ಅನ್ನನಾಳವನ್ನು ಕತ್ತರಿಸಿ ತುದಿಯನ್ನು ಕುತ್ತಿಗೆಯ ಹೊರಕ್ಕೆ ತಂದಿದ್ದರು. ನಾಯಿ ಮಾಂಸ ಅಗಿದು ನುಂಗಿದರೆ ಅದು ಹೊಟ್ಟೆಗೆ ಇಳಿಯದೆ ಕುತ್ತಿಗೆಯಿಂದಲೇ ಹೊರಬೀಳುತ್ತಿತ್ತು. ಒಂದು ತುಣುಕೂ ಹೊಟ್ಟೆ ಸೇರದಿದ್ದರೂ ಜಠರರಸ ಮಾತ್ರ ಧಾರಾಳವಾಗಿ ಸುರಿಯಿತು. ಈ ರಸವನ್ನು ಶೋಧಿಸಿ, ಅಜೀರ್ಣಕ್ಕೆ ಔಷಧಿಯೆಂದು ಸೀಸೆಗಳಲ್ಲಿ ತುಂಬಿ ಮಾರಿದ್ದೂ ಉಂಟು. ವರ್ಷಕ್ಕೆ ಸಾವಿರಾರು ಸೀಸೆ ಮಾರಾಟವಾಗಿ ಪ್ರಯೋಗಶಾಲೆಯ ಬೊಕ್ಕಸಕ್ಕೆ ಒಳ್ಳೆಯ ವರಮಾನ ಬರುತ್ತಿತ್ತು. ಜೀರ್ಣಕ್ರಿಯೆಯ ಈ ಕೆಲಸಕ್ಕೇ 1904ರಲ್ಲಿ ಪಾವ್ಲೋವ್ ಅವರಿಗೆ ನೊಬೆಲ್ ಬಹುಮಾನ ಬಂತು. ಆ ಬಹುಮಾನ ಪಡೆದ ಮೊದಲ ರಷ್ಯನ್ ಅವರು.

ಅಡ್ಡಿಯೇ ಸಂಶೋಧನೆಯಾಯಿತು

ಈ ಕೆಲಸದ ನಡುವೆ ಒಂದು ಕಿರಿಕಿರಿ ಇತ್ತು. ನಾಯಿಯ ಬಾಯಿಗೆ ಆಹಾರ ಬೀಳುವ ಮೊದಲೇ, ಬಟ್ಟಲು ಕಂಡೊಡನೆ, ಊಟ ತರುವ ಸೇವಕನ ಹೆಜ್ಜೆ ಸಪ್ಪಳ ಕೇಳಿದೊಡನೆ ರಸ ಹರಿಯಲಾರಂಭಿಸುತ್ತಿತ್ತು. ಲೆಕ್ಕ ಕೆಡಿಸುವ ಈ ರಸಕ್ಕೆ ಪ್ರಯೋಗಶಾಲೆಯಲ್ಲಿ ‘ಮಾನಸಿಕ ಸ್ರಾವ’ ಎಂದು ಹೆಸರಿಟ್ಟಿದ್ದರು. ಪಾವ್ಲೋವ್ ಇದನ್ನು ಬೇಡದ ಅಡ್ಡಿ ಎಂದು ಬದಿಗೆ ಸರಿಸಿಬಿಡಬಹುದಿತ್ತು. ಹಾಗೆ ಮಾಡಲಿಲ್ಲ.

ವುಲ್ಫ್‌ಸನ್ ಎಂಬ ಶಿಷ್ಯ 1890ರ ದಶಕದ ಕೊನೆಯಲ್ಲಿ ಜೊಲ್ಲಿನ ಗ್ರಂಥಿಗಳ ಅಧ್ಯಯನಕ್ಕೆ ಕೈಹಾಕಿದರು. ಒಣ ಆಹಾರ ಕೊಟ್ಟರೆ ಹೆಚ್ಚು ಜೊಲ್ಲು, ಹಸಿಯಾದದ್ದಕ್ಕೆ ಕಡಿಮೆ. ಬಾಯಿಗೆ ನುಣುಪಾದ ಬೆಣಚುಕಲ್ಲು ಹಾಕಿದರೆ ನಾಯಿ ಉಗಿದುಬಿಡುತ್ತದೆ, ಜೊಲ್ಲು ಬರುವುದೇ ಇಲ್ಲವೆನ್ನುವಷ್ಟು ಕಡಿಮೆ. ಅದೇ ಕಲ್ಲನ್ನು ಪುಡಿಮಾಡಿ ಮರಳಾಗಿಸಿ ಹಾಕಿದರೆ ಬಾಯಿ ತೊಳೆಯಲೆಂಬಂತೆ ಜೊಲ್ಲು ಹರಿಯುತ್ತದೆ. ಅಚ್ಚರಿಯೆಂದರೆ, ಇವನ್ನೆಲ್ಲ ಬಾಯಿಗೆ ಹಾಕದೆ ದೂರದಿಂದ ತೋರಿಸಿದರೂ ಅದೇ ವ್ಯತ್ಯಾಸ ಕಾಣಿಸಿತು.

ಇದರ ಅರ್ಥವೇನು? ಸ್ನಾರ್‌ಸ್ಕಿ ಎಂಬ ಇನ್ನೊಬ್ಬ ಸಹೋದ್ಯೋಗಿ ನಾಯಿಯ ಆಲೋಚನೆ, ಆಸೆ, ಭಾವನೆಗಳ ಮೂಲಕ ಇದನ್ನು ವಿವರಿಸಬೇಕೆಂದರು. ಪಾವ್ಲೋವ್ ಒಪ್ಪಲಿಲ್ಲ. ನಾಯಿ ಏನು ಯೋಚಿಸುತ್ತದೆಂಬುದನ್ನು ಯಾರೂ ಕಂಡಿಲ್ಲ. ಜೊಲ್ಲಿನ ಹನಿಗಳನ್ನಾದರೆ ಎಣಿಸಬಹುದು. ಆದ್ದರಿಂದ ಹೊರಗಿನ ಪ್ರಚೋದನೆಯನ್ನೂ ಹನಿಗಳ ಲೆಕ್ಕವನ್ನೂ ಮಾತ್ರ ನಂಬಿ ಮುನ್ನಡೆಯಬೇಕು ಎಂಬುದು ಅವರ ನಿಲುವು. ಮನೋವೈದ್ಯ ತೊಲೋಚಿನೋವ್ ಅವರೊಂದಿಗೆ ನಡೆದ ಪ್ರಯೋಗಗಳ ವರದಿ 1902ರಲ್ಲಿ ಹೆಲ್ಸಿಂಕಿಯ ಸಮ್ಮೇಳನದಲ್ಲಿ ಮಂಡನೆಯಾಯಿತು. ಮರುವರ್ಷ ಮ್ಯಾಡ್ರಿಡ್‌ನಲ್ಲಿ ಸೇರಿದ್ದ ಅಂತರರಾಷ್ಟ್ರೀಯ ವೈದ್ಯಕೀಯ ಸಮ್ಮೇಳನದಲ್ಲಿ ಪಾವ್ಲೋವ್ ತಾವೇ ಈ ಹೊಸ ಮಾರ್ಗವನ್ನು ಸಾರಿದರು. ಆಮೇಲೆ 1936ರ ಫೆಬ್ರುವರಿಯಲ್ಲಿ ತೀರಿಕೊಳ್ಳುವವರೆಗೆ ಅವರು ಇದನ್ನು ಬಿಡಲಿಲ್ಲ.

ಇಲ್ಲೊಂದು ಮಾತಿನ ಎಡವಟ್ಟೂ ಉಂಟು. ಪಾವ್ಲೋವ್ ಬಳಸಿದ ರಷ್ಯನ್ ಪದ ‘ಉಸ್ಲೋವ್ನಿ’. ಅದರ ಅರ್ಥ ‘ಷರತ್ತಿಗೆ ಒಳಪಟ್ಟದ್ದು’ ಎಂದು. ಹುಳಿ ತಾಗಿದಾಗ ಬರುವ ಜೊಲ್ಲಿಗೆ ಯಾವ ಷರತ್ತೂ ಇಲ್ಲ. ಹೆಸರು ಕೇಳಿದಾಗ ಬರುವ ಜೊಲ್ಲಿಗೆ ಷರತ್ತುಗಳಿವೆ: ಆ ಹೆಸರೂ ಆ ರುಚಿಯೂ ಹಿಂದೆ ಜೊತೆಜೊತೆಯಾಗಿ ಬಂದಿರಬೇಕು, ಜೊತೆ ಮುಂದುವರಿಯುತ್ತಲೂ ಇರಬೇಕು. ಇಂಗ್ಲಿಷಿಗೆ ಹೋಗುವಾಗ ಈ ಪದ ‘ಕಂಡಿಷನಲ್’ ಆಗುವ ಬದಲು ‘ಕಂಡಿಷನ್ಡ್’ ಆಯಿತು. ಷರತ್ತಿನ ಅರ್ಥ ಸೊರಗಿ, ಯಾರೋ ಪಳಗಿಸಿ ಬಿಟ್ಟ ಪ್ರಾಣಿಯೆಂಬ ಅರ್ಥ ಮುಂದಾಯಿತು. ಪಾವ್ಲೋವ್ ಹೇಳಿದ್ದು ಮೊದಲನೆಯದನ್ನು.

ಗಂಟೆಯ ದಂತಕಥೆ

ಪಠ್ಯಪುಸ್ತಕದ ಗಂಟೆಯ ವಿಷಯಕ್ಕೆ ಬರೋಣ. ಪಾವ್ಲೋವ್ ಗಂಟೆಯನ್ನು ಬಳಸಿಯೇ ಇಲ್ಲವೆಂದಲ್ಲ, ಬಳಸಿದ್ದು ಅಪರೂಪ. ಸಂಗೀತಗಾರರು ತಾಳಕ್ಕೆ ಇಟ್ಟುಕೊಳ್ಳುವ ಮೆಟ್ರೊನೋಮ್, ಹಾರ್ಮೋನಿಯಂ, ವಿದ್ಯುತ್ ಬಜರ್, ದೀಪದ ಬೆಳಕು, ಚರ್ಮದ ಮೇಲಿನ ಸ್ಪರ್ಶ ಇವೇ ಅವರ ಮುಖ್ಯ ಸಾಧನಗಳು. ನಿಮಿಷಕ್ಕೆ ಎಷ್ಟು ಬಡಿತ, ಯಾವ ಸ್ವರ ಎಂದು ಕರಾರುವಾಕ್ಕಾಗಿ ಹತೋಟಿಯಲ್ಲಿಡಬಹುದಾದ ಪ್ರಚೋದನೆ ಅವರಿಗೆ ಬೇಕಿತ್ತು. ಹೊರಗಿನ ಸದ್ದು ಒಳಗೆ ಬಾರದಂತೆ ದಪ್ಪ ಗೋಡೆಗಳ ವಿಶೇಷ ಕಟ್ಟಡವನ್ನೇ ಕಟ್ಟಿಸಿದರು. ಅದಕ್ಕೆ ‘ಮೌನಗೋಪುರ’ ಎಂಬ ಹೆಸರು ಬಂತು.

ಅಲ್ಲಿ ಕಂಡುಕೊಂಡ ನಿಯಮಗಳು ಸರಳ. ಮೆಟ್ರೊನೋಮಿನ ಟಕ್ ಟಕ್ ಸದ್ದು ಮೊದಲು, ಆಹಾರ ಆಮೇಲೆ. ಹೀಗೆ ಕೆಲವು ಬಾರಿ ಆದರೆ ಸದ್ದಿಗೇ ಜೊಲ್ಲು ಬರುತ್ತದೆ. ಆಹಾರ ಮೊದಲಾಗಿ ಸದ್ದು ಆಮೇಲಾದರೆ ಕಲಿಕೆ ಬಲು ದುರ್ಬಲ. ಮುನ್ಸೂಚನೆಗೆ ಬೆಲೆಯುಂಟು, ಹಿಂದಿನಿಂದ ಬರುವ ಸೂಚನೆಗೆ ಇಲ್ಲ. ಒಂದು ಸದ್ದಿಗೆ ಕಲಿತ ನಾಯಿ ಅದನ್ನು ಹೋಲುವ ಸದ್ದಿಗೂ ಸ್ವಲ್ಪ ಸ್ಪಂದಿಸುತ್ತದೆ. ಒಂದಕ್ಕೆ ಮಾತ್ರ ಆಹಾರ ಕೊಟ್ಟು ಇನ್ನೊಂದಕ್ಕೆ ಕೊಡದಿದ್ದರೆ ವ್ಯತ್ಯಾಸ ಗುರುತಿಸಲು ಕಲಿಯುತ್ತದೆ.

ವೃತ್ತ ಕಂಡರೆ ಆಹಾರ, ಅಂಡಾಕಾರ ಕಂಡರೆ ಇಲ್ಲ ಎಂದು ಕಲಿಸಿದ ನಾಯಿಯೊಂದಕ್ಕೆ ಅಂಡಾಕಾರವನ್ನು ಮೆಲ್ಲಮೆಲ್ಲನೆ ವೃತ್ತದ ಹತ್ತಿರಕ್ಕೆ ತಂದರು. ಎರಡರ ಅಂತರ ಗುರುತಿಸಲಾಗದ ಘಟ್ಟದಲ್ಲಿ ಶಾಂತವಾಗಿದ್ದ ನಾಯಿ ಅರಚಿತು, ಕಟ್ಟು ಕಚ್ಚಿತು, ಹಿಂದೆ ಕಲಿತ ಸುಲಭ ಪಾಠವನ್ನೂ ಮರೆಯಿತು. ಬಿಡಿಸಲಾಗದ ಗೊಂದಲ ಪ್ರಾಣಿಯ ನರಮಂಡಲವನ್ನು ಹೇಗೆ ಕೆಡಿಸಬಲ್ಲದು ಎಂಬುದಕ್ಕೆ ಇದು ಮೊದಲ ಪುರಾವೆಗಳಲ್ಲೊಂದು.

ಎಲ್ಲಕ್ಕಿಂತ ಮುಖ್ಯವಾದದ್ದು ಇನ್ನೊಂದು. ಸದ್ದು ಮಾಡಿ ಆಹಾರ ಕೊಡದೇ ಇದ್ದರೆ ಜೊಲ್ಲು ಕ್ರಮೇಣ ನಿಲ್ಲುತ್ತದೆ. ಕಲಿತದ್ದು ಅಳಿದುಹೋಯಿತು ಎಂದುಕೊಳ್ಳುವಂತಿಲ್ಲ. ಸ್ವಲ್ಪ ಬಿಡುವು ಕೊಟ್ಟು ಮತ್ತೆ ಸದ್ದು ಮಾಡಿದರೆ ಜೊಲ್ಲು ಮರುಕಳಿಸುತ್ತದೆ. ಹಳೆಯ ಪಾಠ ಒಳಗೇ ಇತ್ತು. ಅದರ ಮೇಲೆ ಹೊಸ ಪಾಠವೊಂದು ಕೂತಿತ್ತು, ಅಷ್ಟೆ. ಈ ಮಾತು ಮುಂದೆ ಬಹಳ ಬೆಲೆಯುಳ್ಳದ್ದಾಯಿತು.

ಇತ್ತ ಅಮೆರಿಕದಲ್ಲಿ ಎಡ್ವಿನ್ ಟ್ವಿಟ್‌ಮೈಯರ್ ಎಂಬ ಯುವ ಸಂಶೋಧಕ ಹೆಚ್ಚುಕಡಿಮೆ ಅದೇ ಹೊತ್ತಿಗೆ ಇದೇ ಸಂಗತಿಯನ್ನು ಮನುಷ್ಯರಲ್ಲಿ ಕಂಡಿದ್ದರು. ಮೊಣಕಾಲಿಗೆ ಸುತ್ತಿಗೆ ಬೀಳುವ ಮುನ್ನ ಗಂಟೆ ಬಾರಿಸುತ್ತಿದ್ದ ಅವರ ಪ್ರಯೋಗದಲ್ಲಿ, ಒಮ್ಮೆ ಸುತ್ತಿಗೆ ಬೀಳದಿದ್ದರೂ ಕಾಲು ತಾನಾಗಿ ಜಿಗಿಯಿತು. 1902ರಲ್ಲಿ ಪ್ರಬಂಧ ಬರೆದು, 1904ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞರ ಸಭೆಯಲ್ಲಿ ಮಂಡಿಸಿದರು. ಅಧ್ಯಕ್ಷತೆ ವಹಿಸಿದ್ದವರು ಹೆಸರಾಂತ ವಿಲಿಯಂ ಜೇಮ್ಸ್. ಸಭೆಯಲ್ಲಿ ಯಾರೂ ಆಸಕ್ತಿ ತೋರಲಿಲ್ಲ. ಪಠ್ಯಪುಸ್ತಕದ ಗಂಟೆ ನಿಜವಾಗಿ ಸೇರಬೇಕಾದದ್ದು ಇವರಿಗೆ. ಹೆಸರು ಹೋದದ್ದು ಪಾವ್ಲೋವ್ ಅವರಿಗೆ.

ಪ್ರವಾಹ ಮತ್ತು ನಾಯಿಗಳು

ಕ್ರಾಂತಿಯ ನಂತರದ ಬರಗಾಲದಲ್ಲಿ ಪಾವ್ಲೋವ್ ಅವರ ಪ್ರಯೋಗಶಾಲೆ ಮುಚ್ಚುವ ಸ್ಥಿತಿಗೆ ಬಂದಿತ್ತು. ದೇಶ ಬಿಡಲು ಅನುಮತಿ ಕೇಳಿದ್ದ ವಿಜ್ಞಾನಿಯನ್ನು ಉಳಿಸಿಕೊಳ್ಳಲು ಲೆನಿನ್ 1921ರ ಜನವರಿಯಲ್ಲಿ ವಿಶೇಷ ಆಜ್ಞೆ ಹೊರಡಿಸಿದರು. ಸರ್ಕಾರದ ಕೃಪೆಯಲ್ಲಿದ್ದೂ ಪಾವ್ಲೋವ್ ಹಲವು ಸಲ ಅದರ ದಬ್ಬಾಳಿಕೆಯನ್ನು ಬಹಿರಂಗವಾಗಿ, ಪತ್ರಗಳಲ್ಲಿ ಟೀಕಿಸಿದರು.

1924ರ ಸೆಪ್ಟೆಂಬರ್‌ನಲ್ಲಿ ಲೆನಿನ್‌ಗ್ರಾಡ್‌ಗೆ ಭಾರಿ ಪ್ರವಾಹ ಬಂತು. ನಾಯಿಗಳ ಪಂಜರಗಳಿಗೆ ನೀರು ನುಗ್ಗಿತು. ಕತ್ತಿನವರೆಗೆ ಬಂದ ನೀರಿನಲ್ಲಿ ಅವನ್ನು ಈಜಿಸಿ ಹೊರತಂದರು. ನಾಯಿಗಳು ಬದುಕಿದವು. ಆದರೆ ಕೆಲವು ನಾಯಿಗಳು ತಿಂಗಳುಗಟ್ಟಲೆ ಕಲಿತದ್ದನ್ನು ಮರೆತಿದ್ದವು. ಚೇತರಿಸಿಕೊಂಡ ನಾಯಿಯೊಂದರ ಕೋಣೆಯ ಬಾಗಿಲ ಕೆಳಗಿನಿಂದ ತುಸು ನೀರು ಹರಿಯಬಿಟ್ಟಾಗ ಅದು ಮತ್ತೆ ಕಂಗೆಟ್ಟಿತು. ಯುದ್ಧ, ಅಪಘಾತ, ನೆರೆಗಳನ್ನು ಕಂಡುಬಂದ ಮನುಷ್ಯರು ಒಂದು ಸದ್ದಿಗೆ, ಒಂದು ವಾಸನೆಗೆ ಏಕೆ ನಡುಗುತ್ತಾರೆ ಎಂಬ ಪ್ರಶ್ನೆಗೆ ಈ ನಾಯಿಯಲ್ಲಿ ಉತ್ತರದ ಒಂದು ತುಂಡು ಇತ್ತು.

ಹಸುಗೂಸಿಗೆ ಕಲಿಸಿದ ಭಯ

ಪ್ರಾಣಿಗಳಿಂದ ಮನುಷ್ಯರಿಗೆ ಈ ವಿದ್ಯೆ ದಾಟಿದ ಬಗೆ ಹೆಮ್ಮೆಪಡುವಂಥದ್ದಲ್ಲ. ಅಮೆರಿಕದ ಜಾನ್ಸ್ ಹಾಪ್‌ಕಿನ್ಸ್ ವಿಶ್ವವಿದ್ಯಾಲಯದ ಜಾನ್ ವಾಟ್‌ಸನ್ ವರ್ತನಾವಾದದ ಪ್ರವರ್ತಕ. ಮನಸ್ಸನ್ನು ಬದಿಗಿಟ್ಟು ವರ್ತನೆಯನ್ನು ಮಾತ್ರ ಅಳೆಯಬೇಕೆಂದು 1913ರಲ್ಲಿ ಘೋಷಿಸಿದವರು. ಅವರೂ ಸಹಾಯಕಿ ರೊಸಾಲಿ ರೇನರ್ ಅವರೂ ಸೇರಿ ನಡೆಸಿದ ಪ್ರಯೋಗವೊಂದರ ವರದಿ 1920ರಲ್ಲಿ ಪ್ರಕಟವಾಯಿತು. ಅದರ ಕೇಂದ್ರ, ವರದಿಯಲ್ಲಿ ಆಲ್ಬರ್ಟ್ ಎಂದು ಕರೆದ ಹನ್ನೊಂದು ತಿಂಗಳ ಕೂಸು. ತಾಯಿ ಮಕ್ಕಳ ಆಸ್ಪತ್ರೆಯಲ್ಲಿ ಬೇರೆ ಶಿಶುಗಳಿಗೆ ಹಾಲೂಡಿಸುವ ದಾದಿ.

ಮಗುವಿಗೆ ಬಿಳಿ ಇಲಿಯ ಭಯವಿರಲಿಲ್ಲ. ಅದನ್ನು ಮುಟ್ಟಲು ಕೈಚಾಚಿದಾಗ ಬೆನ್ನ ಹಿಂದೆ ಉಕ್ಕಿನ ಸರಳಿಗೆ ಸುತ್ತಿಗೆಯಿಂದ ಹೊಡೆದರು. ಮಗು ಬೆಚ್ಚಿಬಿತ್ತು. ಇಂಥ ಏಳು ಪಾಠಗಳ ನಂತರ, ಸದ್ದಿಲ್ಲದಿದ್ದರೂ ಇಲಿಯನ್ನು ಕಂಡೊಡನೆ ಮಗು ಅತ್ತು ತೆವಳಿ ದೂರ ಓಡಿತು. ಐದು ದಿನ ಬಿಟ್ಟು ನೋಡಿದಾಗ ಮೊಲ, ನಾಯಿ, ತುಪ್ಪಳದ ಕೋಟು ಕಂಡರೂ ಅಂಜಿತು. ಭಯವನ್ನು ಬಿಡಿಸುವ ಮಾತು ಸಂಶೋಧಕರ ಮನಸ್ಸಿನಲ್ಲಿದ್ದರೂ ಅದು ಆಗುವ ಮೊದಲೇ ಮಗು ಆಸ್ಪತ್ರೆಯಿಂದ ಹೊರಟುಹೋಯಿತು. ಮುಂದೆ ಈತ ದೊಡ್ಡವನಾಗಿ ಫ್ರಾಯ್ಡ್ ಪಂಥದ ವೈದ್ಯರ ಬಳಿ ಹೋದರೆ ತುಪ್ಪಳದ ಭಯಕ್ಕೆ ಅವರು ಏನೇನು ಅರ್ಥ ಹಚ್ಚಿಯಾರು ಎಂದು ವರದಿಯಲ್ಲಿ ನಗೆಯಾಡಿದ್ದರು.

ಒಂದೇ ಮಗು, ಹೋಲಿಕೆಗೆ ಇನ್ನೊಂದು ಮಗುವಿಲ್ಲ, ಭಯವನ್ನು ಅಳೆದದ್ದು ಕಣ್ಣಂದಾಜಿನಿಂದ. ವಿಜ್ಞಾನವಾಗಿಯೂ ಈ ಪ್ರಯೋಗ ದುರ್ಬಲ. ಇಂದಿನ ಯಾವ ನೀತಿ ಸಮಿತಿಯೂ ಇದಕ್ಕೆ ಒಪ್ಪಿಗೆ ಕೊಡುವುದಿಲ್ಲ. ವಾಟ್‌ಸನ್ ಅದೇ ವರ್ಷ, ಬೇರೆ ಕಾರಣಕ್ಕೆ, ವಿಶ್ವವಿದ್ಯಾಲಯದ ಕೆಲಸ ಕಳೆದುಕೊಂಡು ನ್ಯೂಯಾರ್ಕಿನ ಜಾಹೀರಾತು ಸಂಸ್ಥೆಯೊಂದಕ್ಕೆ ಸೇರಿದರು. ಸರಕಿನ ಪಕ್ಕದಲ್ಲಿ ನಗುವ ಮಗುವನ್ನೋ ಚೆಲುವೆಯನ್ನೋ ನಿಲ್ಲಿಸಿ, ಒಂದರ ಹಿತವನ್ನು ಇನ್ನೊಂದಕ್ಕೆ ಅಂಟಿಸುವ ಕಲೆಗೆ ಪಾವ್ಲೋವ್ ಅವರ ನಿಯಮವೇ ತಳಹದಿ. ಕ್ರಿಕೆಟ್ ಆಟಗಾರನ ಕೈಯಲ್ಲಿ ತಂಪು ಪಾನೀಯದ ಬಾಟಲಿ ಕೊಡುವವರಿಗೆ ಇದು ಚೆನ್ನಾಗಿ ಗೊತ್ತು.

ಅದೇ ಬೀಗಕ್ಕೆ ಅದೇ ಕೀಲಿ

ಭಯವನ್ನು ಕಲಿಸಬಹುದಾದರೆ ಬಿಡಿಸಲೂ ಬರಬೇಕಲ್ಲ? ಈ ಪ್ರಶ್ನೆ ಹಿಡಿದು ಹೊರಟವರು ಮೇರಿ ಕವರ್ ಜೋನ್ಸ್. ಮೊಲಕ್ಕೆ ಹೆದರುತ್ತಿದ್ದ, ಮೂರು ವರ್ಷ ತುಂಬದ ಪೀಟರ್ ಎಂಬ ಹುಡುಗನನ್ನು ಕುರ್ಚಿಯಲ್ಲಿ ಕೂರಿಸಿ ಇಷ್ಟವಾದ ತಿಂಡಿ ಕೊಟ್ಟರು. ಅವನು ತಿನ್ನುತ್ತಿರುವಾಗ ಪಂಜರದೊಳಗಿನ ಮೊಲವನ್ನು ದೂರದಲ್ಲಿಟ್ಟರು. ದಿನದಿನಕ್ಕೆ ಸ್ವಲ್ಪಸ್ವಲ್ಪ ಹತ್ತಿರ ತಂದರು. ಕೊನೆಗೆ ಹುಡುಗ ಮೊಲವನ್ನು ಮುಟ್ಟಿ ಆಡಿದ. ವರದಿ ಪ್ರಕಟವಾದದ್ದು 1924ರಲ್ಲಿ. ಆಗ ಹೆಚ್ಚು ಮಂದಿ ಗಮನಿಸಲಿಲ್ಲ.

ದಕ್ಷಿಣ ಆಫ್ರಿಕದ ವೈದ್ಯ ಜೋಸೆಫ್ ವೋಲ್ಪೆ ಎರಡನೇ ಮಹಾಯುದ್ಧದಲ್ಲಿ ಮನಸ್ಸು ಕೆಟ್ಟ ಸೈನಿಕರನ್ನು ಕಂಡವರು. ಅವರು 1958ರಲ್ಲಿ ಹೊರತಂದ ಪುಸ್ತಕದಲ್ಲಿ ಇದೇ ದಾರಿಯನ್ನು ಚಿಕಿತ್ಸೆಯಾಗಿ ಬೆಳೆಸಿದರು. ಮೈಮನ ಸಡಿಲಿಸಿಕೊಂಡು, ಭಯದ ವಸ್ತುವನ್ನು ಮೊದಲು ಕಲ್ಪನೆಯಲ್ಲಿ, ಮೆಟ್ಟಿಲು ಮೆಟ್ಟಿಲಾಗಿ ಎದುರಿಸುವ ಕ್ರಮ ಅದು. ಇಂದು ಬೆಂಗಳೂರಿನ ನಿಮ್ಹಾನ್ಸ್ ಸೇರಿದಂತೆ ಎಲ್ಲೆಡೆ ನೀಡುವ ವರ್ತನಾ ಚಿಕಿತ್ಸೆಯ ಬೇರು ಇಲ್ಲಿದೆ. ಲಿಫ್ಟು, ಎತ್ತರದ ಜಾಗ, ನಾಯಿ, ಇಂಜೆಕ್ಷನ್ ಸೂಜಿ ಇವುಗಳ ಅತಿಯಾದ ಭಯ ಹೇಡಿತನವಲ್ಲ, ಕಲಿತ ಪಾಠ ಎಂಬುದು ಈ ಚಿಕಿತ್ಸೆಯ ಮೊದಲ ನಂಬಿಕೆ. ರೋಗಿಗೆ ಇದನ್ನು ಕೇಳುವುದೇ ಅರ್ಧ ನೆಮ್ಮದಿ.

ನಿಯಮ ಮೀರಿದ ಹೊಟ್ಟೆ

ಎರಡು ಸಂಗತಿಗಳು ಒಟ್ಟಿಗೆ ಬಂದರೆ ಸಾಕು, ಯಾವುದನ್ನು ಯಾವುದಕ್ಕೆ ಬೇಕಾದರೂ ಗಂಟುಹಾಕಬಹುದು ಎಂಬುದು ಬಹುಕಾಲದ ನಂಬಿಕೆ. ಇದನ್ನು ಒಡೆದವರು ಅಮೆರಿಕದ ಜಾನ್ ಗಾರ್ಸಿಯಾ. ವಿಕಿರಣದ ಪರಿಣಾಮ ಪರೀಕ್ಷಿಸುತ್ತಿದ್ದಾಗ, ಇಲಿಗಳು ವಿಕಿರಣ ಕೋಣೆಯಲ್ಲಿ ಕುಡಿದ ನೀರಿನ ರುಚಿಯನ್ನೇ ದ್ವೇಷಿಸುವುದನ್ನು ಕಂಡರು. 1966ರ ಪ್ರಯೋಗವೊಂದರಲ್ಲಿ ಸಿಹಿ ನೀರು ಕುಡಿಯುವಾಗಲೇ ಬೆಳಕು ಮಿನುಗಿ ಸದ್ದಾಗುವಂತೆ ಮಾಡಿದರು. ಆಮೇಲೆ ಹೊಟ್ಟೆ ತೊಳಸಿದ ಇಲಿಗಳು ದೂರಿದ್ದು ರುಚಿಯನ್ನು. ಕಾಲಿಗೆ ವಿದ್ಯುತ್ ಏಟು ತಿಂದ ಇಲಿಗಳು ಅಂಜಿದ್ದು ಬೆಳಕು ಮತ್ತು ಸದ್ದಿಗೆ. ವಾಕರಿಕೆ ಗಂಟೆಗಳು ತಡವಾಗಿ ಬಂದರೂ, ಒಂದೇ ಬಾರಿ ಬಂದರೂ ರುಚಿಯ ದ್ವೇಷ ಕೂರುತ್ತದೆಂದು ಗಾರ್ಸಿಯಾ ಅವರ ಕೆಲಸದಿಂದ ಸ್ಪಷ್ಟವಾಯಿತು. ದೊಡ್ಡ ಪತ್ರಿಕೆಗಳು ಅವರ ಲೇಖನಗಳನ್ನು ನಂಬದೆ ಹಿಂದಿರುಗಿಸಿದ್ದವು. ಮದುವೆ ಮನೆಯಲ್ಲಿ ಯಾವುದೋ ಸಿಹಿ ತಿಂದು ಆ ರಾತ್ರಿ ವಾಂತಿಯಾದವರು ಇಪ್ಪತ್ತು ವರ್ಷ ಆ ಸಿಹಿಯ ಕಡೆ ತಿರುಗಿ ನೋಡದಿರುವುದು ಇದೇ ಕಾರಣಕ್ಕೆ. ವಾಂತಿಗೆ ಕಾರಣ ಬೇರೆ ರೋಗವೆಂದು ತಿಳಿದಿದ್ದರೂ ಹೊಟ್ಟೆ ಒಪ್ಪುವುದಿಲ್ಲ.

ಅಮೆರಿಕದ ಐಲೀನ್ ಬರ್ನ್‌ಸ್ಟೀನ್ 1978ರಲ್ಲಿ ಕ್ಯಾನ್ಸರ್ ಔಷಧಿ ಪಡೆಯುತ್ತಿದ್ದ ಮಕ್ಕಳಿಗೆ ಅಪರೂಪದ ರುಚಿಯ ಐಸ್‌ಕ್ರೀಂ ಕೊಟ್ಟು ನೋಡಿದರು. ವಾಕರಿಕೆ ತರುವ ಔಷಧಿಗೆ ಮುನ್ನ ಅದನ್ನು ತಿಂದ ಮಕ್ಕಳಲ್ಲಿ ಹೆಚ್ಚಿನವರು ಆಮೇಲೆ ಅದನ್ನು ಬೇಡವೆಂದರು. ಮೊದಲೇ ಸೊರಗಿದ ಮಗು ಮನೆಯೂಟವನ್ನೂ ಹೀಗೆಯೇ ದ್ವೇಷಿಸತೊಡಗಿದರೆ? ಉಪಾಯವೂ ಅದೇ ನಿಯಮದಿಂದ ಹೊರಟಿತು. ಔಷಧಿಗೆ ಮೊದಲು ಗಾಢ ರುಚಿಯ ಮಿಠಾಯಿಯೊಂದನ್ನು ಚೀಪಲು ಕೊಟ್ಟರೆ ವಾಕರಿಕೆಯ ಅಪವಾದ ಆ ಮಿಠಾಯಿಯ ತಲೆಗೆ ಕಟ್ಟಿ, ಊಟ ಬಚಾವಾಗುತ್ತದೆ.

ಅಮೆರಿಕದ ರಾಬರ್ಟ್ ರೆಸ್ಕೋರ್ಲಾ 1968ರಲ್ಲಿ ಇನ್ನೊಂದು ತಿದ್ದುಪಡಿ ತಂದರು. ಸದ್ದಿನ ಜೊತೆಗೂ ಏಟು, ಸದ್ದಿಲ್ಲದಾಗಲೂ ಅಷ್ಟೇ ಏಟು ಬೀಳುತ್ತಿದ್ದರೆ ಇಲಿ ಸದ್ದಿಗೆ ಹೆದರುವುದಿಲ್ಲ. ಸದ್ದು ಹೊಸದೇನನ್ನೂ ತಿಳಿಸುತ್ತಿಲ್ಲವಲ್ಲ! ಅಂದರೆ ಪ್ರಾಣಿ ಕುರುಡಾಗಿ ಜೋಡಿ ಕಟ್ಟುವುದಿಲ್ಲ, ಯಾವುದು ಯಾವುದರ ಸುಳಿವು ಎಂದು ಲೆಕ್ಕ ಹಾಕುತ್ತದೆ. ಪಾವ್ಲೋವ್ ಅವರ ‘ಷರತ್ತು’ ಎಂಬ ಮೂಲಪದಕ್ಕೆ ಇದು ಹತ್ತಿರವಾದ ಮಾತು.

ಅದೇ ಪ್ರಮಾಣ, ಬೇರೆ ಕೋಣೆ

ಈ ಲೆಕ್ಕ ತಪ್ಪಿದರೆ ಪ್ರಾಣವೇ ಹೋಗಬಹುದು. ಹೆರಾಯಿನ್ ವ್ಯಸನಿಗಳು ಹಿಂದೆ ತಡೆದುಕೊಂಡಿದ್ದ ಪ್ರಮಾಣಕ್ಕೇ ಏಕೆ ಬಲಿಯಾಗುತ್ತಾರೆ ಎಂಬ ಪ್ರಶ್ನೆ ವೈದ್ಯರನ್ನು ಕಾಡಿತ್ತು. ಕೆನಡದ ಶೆಪರ್ಡ್ ಸೀಗಲ್ ಮತ್ತು ಸಂಗಡಿಗರು 1982ರಲ್ಲಿ ಉತ್ತರವೊಂದನ್ನು ಮುಂದಿಟ್ಟರು. ದಿನವೂ ಒಂದೇ ಕೋಣೆಯಲ್ಲಿ, ಒಂದೇ ಬಗೆಯ ಸಿದ್ಧತೆಯೊಂದಿಗೆ ಔಷಧಿ ಒಳಸೇರಿದರೆ, ಆ ಕೋಣೆಯನ್ನು ಕಂಡೊಡನೆ ದೇಹ ಅದನ್ನು ಎದುರಿಸಲು ಮೊದಲೇ ಸಜ್ಜಾಗುತ್ತದೆ. ಹೊಸ ಜಾಗದಲ್ಲಿ ಆ ಮುನ್ಸೂಚನೆ ಇರುವುದಿಲ್ಲ. ಹೆರಾಯಿನ್‌ಗೆ ಒಗ್ಗಿಸಿದ ಇಲಿಗಳಿಗೆ ಭಾರಿ ಪ್ರಮಾಣ ಕೊಟ್ಟಾಗ, ಪರಿಚಿತ ಜಾಗದಲ್ಲಿ ಸತ್ತವು ಸುಮಾರು ಶೇ 32. ಅಪರಿಚಿತ ಜಾಗದಲ್ಲಿ ಸುಮಾರು ಶೇ 64. ಪ್ರಮಾಣ ಎರಡೂ ಕಡೆ ಒಂದೇ.

ಇದರ ಇನ್ನೊಂದು ಮುಖ ಇನ್ನೂ ಪರಿಚಿತ. ವ್ಯಸನಮುಕ್ತಿ ಕೇಂದ್ರದಲ್ಲಿ ತಿಂಗಳುಗಟ್ಟಲೆ ಮದ್ಯ ಮುಟ್ಟದೆ ಇದ್ದವನು ಊರಿಗೆ ಮರಳಿ ಹಳೆಯ ಬೀದಿ, ಹಳೆಯ ಗೆಳೆಯ, ಸಂಜೆಯ ಅದೇ ಹೊತ್ತು ಕಂಡೊಡನೆ ಕುಸಿಯುತ್ತಾನೆ. ಮನೆಯವರು ಮನಸ್ಸು ಗಟ್ಟಿಯಿಲ್ಲ ಎಂದು ಬೈಯುತ್ತಾರೆ. ಕೇಂದ್ರದ ಗೋಡೆಯೊಳಗೆ ಕಲಿತ ಹೊಸ ಪಾಠ ಊರಿನ ಬೀದಿಯಲ್ಲಿ ಕೆಲಸ ಮಾಡದೆ ಹಳೆಯ ಪಾಠ ಎದ್ದುಬಂದಿರುತ್ತದೆ. ಪಾವ್ಲೋವ್ ಅವರ ನಾಯಿಯಲ್ಲಿ ಬಿಡುವಿನ ನಂತರ ಜೊಲ್ಲು ಮರುಕಳಿಸಿದ್ದಕ್ಕೂ ಇದಕ್ಕೂ ನಂಟಿದೆ. ಊರಿನ ಸುಳಿವುಗಳನ್ನು ಎದುರಿಸಲು ಊರಿನಲ್ಲೇ ಕಲಿಸಬೇಕು, ಒಮ್ಮೆ ಜಾರಿದರೆ ಎಲ್ಲವೂ ಮುಗಿಯಿತು ಎಂದು ಕೈಬಿಡಬಾರದು ಎಂಬುದು ಚಿಕಿತ್ಸಕರು ಇದರಿಂದ ಕಲಿತ ಮಾತು.

ದಿನನಿತ್ಯದಲ್ಲಿ

ಹಾಲು ಕರೆಯುವವರು ಇದನ್ನು ಪ್ರಯೋಗಶಾಲೆಯಿಲ್ಲದೆಯೇ ಬಲ್ಲರು. ಕರು ಬಾಯಿ ಹಾಕಿದಾಗ ಹಸುವಿನ ಕೆಚ್ಚಲಿಗೆ ಹಾಲು ಇಳಿಯುವುದು ಸಹಜ ಗುಣ. ದಿನಕಳೆದಂತೆ ಪಾತ್ರೆಯ ಸದ್ದಿಗೆ, ಕೆಚ್ಚಲು ತೊಳೆಯುವ ಬಿಸಿನೀರಿಗೆ ಹಾಲು ಇಳಿಯುತ್ತದೆ. ಎಳೆಮಗುವಿನ ಅಳು ಕಿವಿಗೆ ಬಿದ್ದರೆ ಬಾಣಂತಿಯ ಎದೆ ಒದ್ದೆಯಾಗುವುದೂ ಹೀಗೆಯೇ. ಹನ್ನೆರಡೂವರೆಗೆ ಊಟ ಮಾಡುವವರಿಗೆ ಆ ಹೊತ್ತಿಗೇ ಹಸಿವು. ಮನೆಯಲ್ಲಿ ಸರಿಯಿರುವ ರಕ್ತದೊತ್ತಡ ವೈದ್ಯರ ಮುಂದೆ ಏರುವುದಕ್ಕೆ ‘ಬಿಳಿ ಕೋಟಿನ ಒತ್ತಡ’ ಎಂದೇ ಹೆಸರಿದೆ. ಜೇಬಿನ ಮೊಬೈಲು ಟಿಂಗ್ ಎಂದರೆ ಮಾತನಾಡುತ್ತಿದ್ದವರ ಗಮನ ಅರೆಕ್ಷಣ ಅತ್ತ ಸರಿಯುತ್ತದೆ.

ಎಲ್ಲ ಅಭ್ಯಾಸವೂ ಪಾವ್ಲೋವ್ ಅವರ ಲೆಕ್ಕಕ್ಕೆ ಸೇರುವುದಿಲ್ಲ ಎಂಬುದನ್ನೂ ನೆನಪಿಡಬೇಕು. ಬಹುಮಾನದ ಆಸೆಗೆ ಮಗು ಮಗ್ಗಿ ಕಲಿಯುವುದು, ದಂಡದ ಭಯಕ್ಕೆ ಹೆಲ್ಮೆಟ್ ಹಾಕುವುದು ಬೇರೆ ಬಗೆಯ ಕಲಿಕೆ. ಅಲ್ಲಿ ಮೊದಲು ನಮ್ಮ ಕೆಲಸ, ಆಮೇಲೆ ಫಲ. ಇಲ್ಲಿ ನಮ್ಮ ಕೆಲಸವೇನೂ ಇಲ್ಲ. ಸುಳಿವು ಬರುತ್ತದೆ, ದೇಹ ಸಿದ್ಧವಾಗುತ್ತದೆ. ನಿಜಜೀವನದಲ್ಲಿ ಎರಡೂ ಹೆಣೆದುಕೊಂಡಿರುತ್ತವೆ.

ಸೇಂಟ್ ಪೀಟರ್ಸ್‌ಬರ್ಗಿನ ಪ್ರಾಯೋಗಿಕ ವೈದ್ಯಕೀಯ ಸಂಸ್ಥೆಯ ಅಂಗಳದಲ್ಲಿ, ಪಾವ್ಲೋವ್ ಬದುಕಿರುವಾಗಲೇ, 1935ರಲ್ಲಿ ನಾಯಿಯ ಸ್ಮಾರಕವೊಂದನ್ನು ನಿಲ್ಲಿಸಿದರು. ನೋವುಂಡ ಆ ಮೂಕಪ್ರಾಣಿಗಳ ಋಣ ದೊಡ್ಡದು. ಅವು ಕಲಿಸಿದ ಪಾಠದಿಂದ ಜಾಹೀರಾತುದಾರರು ಲಾಭ ಮಾಡಿಕೊಂಡರು, ವೈದ್ಯರು ರೋಗಿಗಳನ್ನು ಗುಣಪಡಿಸಿದರು. ಇರುಳಲ್ಲಿ ಬೆಚ್ಚುವ ಮಗುವನ್ನು, ಮತ್ತೆ ಕುಡಿದು ಬಂದ ಮಗನನ್ನು, ತಟ್ಟೆ ಪಕ್ಕಕ್ಕೆ ತಳ್ಳುವ ರೋಗಿಯನ್ನು ಗದರುವ ಮುನ್ನ, ಅವರ ದೇಹ ಯಾವ ಸುಳಿವಿಗೆ ಓಗೊಡುತ್ತಿದೆ ಎಂದು ಮನೆಯವರು ಒಮ್ಮೆ ಕೇಳಿಕೊಳ್ಳುವುದು ಒಳ್ಳೆಯದು. ಷರತ್ತು ಯಾವುದೆಂದು ತಿಳಿದರೆ ಅದನ್ನು ಬದಲಿಸುವ ದಾರಿಯನ್ನೂ ಹುಡುಕಬಹುದು.